ಘಟ್ಟ ಇಳಿದ ಕಾಕಾನ ದನಿ

ಯಮನೂರಿನವರಿಗೆ ಗುಡ್ಡವೆಂದರೆ ದೂರದಿಂದ ಕೈಮುಗಿಯುವ ವಸ್ತು. ನವಲಗುಂದದ್ದೊಂದು, ನರಗುಂದದ್ದೊಂದು ಗುಡ್ಡ ಬಿಟ್ಟರೆ ನಮ್ಮ ಸುತ್ತ ಇರುವುದೆಲ್ಲ ಎರಿ ಹೊಲ. ಮುಂದಿನ ತಿರುವಿನಲ್ಲಿ ಏನಿದೆಯೋ ಎಂಬ ಕುತೂಹಲ ನಮ್ಮ ರಕ್ತದಲ್ಲೇ ಇಲ್ಲ. ಏಕೆಂದರೆ ತಿರುವೇ ಇಲ್ಲ. ಬರುವ ಬಸ್ಸು ಅರ್ಧ ಹರದಾರಿ ದೂರದಲ್ಲೇ ಕಾಣುತ್ತದೆ. ಅದು ಬಂದು ಮುಟ್ಟುವಷ್ಟರಲ್ಲಿ ಚಹಾ ಕುಡಿದು, ರೊಕ್ಕ ಕೊಟ್ಟು, ಚಿಲ್ಲರೆಗಾಗಿ ಜಗಳಾಡಿ, ರಾಜಿಯಾಗಿ ಹತ್ತಬಹುದು.

ಹಾಗೆಂದು ವಾಹನದ ವಿಷಯದಲ್ಲಿ ನಮ್ಮೂರನ್ನು ಹಗುರಾಗಿ ಎಣಿಸಬಾರದು. ಬೆಣ್ಣಿಹಳ್ಳದ ದಂಡೆಯ ನಮ್ಮ ದೈವಕ್ಕೆ ಹಿಂದೂಗಳು ಚಾಂಗದೇವ ಅನ್ನುತ್ತಾರೆ, ಮುಸ್ಲಿಮರು ರಾಜಾಬಾಗಸವಾರ ಅನ್ನುತ್ತಾರೆ. ಹುಲಿಯ ಮೇಲೆ ಕೂತು, ಹಾವನ್ನೇ ಬಾರುಕೋಲು ಮಾಡಿಕೊಂಡು ಹೊರಟವನು ಅವನು. ಅವನನ್ನು ಎದುರುಗೊಳ್ಳಲು ಜ್ಞಾನೇಶ್ವರ ಒಡಹುಟ್ಟಿದವರ ಸಮೇತ ತಾನು ಕೂತಿದ್ದ ಗೋಡೆಯನ್ನೇ ನಡೆಸಿಕೊಂಡು ಬಂದನಂತೆ. ಚಾಲಕನಿಲ್ಲದ ಗಾಡಿಯನ್ನು ಅಮೆರಿಕದವರು ಈಗ ಬೀದಿಗೆ ಬಿಡುತ್ತಿದ್ದಾರೆ. ನಮ್ಮ ಕತೆಯಲ್ಲಿ ಅದು ಏಳುನೂರು ವರ್ಷದ ಹಿಂದೆಯೇ, ಪೆಟ್ರೋಲೂ ಕೇಳದೆ ಓಡಿದೆ.

ಈ ಮಾತನ್ನು ನಮ್ಮ ಕಾಕಾ ಹೇಳಿದ್ದು ಅಕ್ಕನ ಮಗನಿಗೆ. ಅವನು ಅಮೆರಿಕದ ಉತ್ತರ ಕೆರೊಲಿನಾದಲ್ಲಿ ಇಂಜಿನಿಯರು. ಡಿಸೆಂಬರಿನ ರಜೆಗೆ ಬಂದವನು ಅಲ್ಲಿಯ ಹೊಸ ಸೋಜಿಗವೊಂದನ್ನು ಬಣ್ಣಿಸುತ್ತಿದ್ದ. ಅಲ್ಲಿ ಬೆಟ್ಟ ನೋಡಲು ಗೈಡನ್ನು ಕಾರಿನಲ್ಲಿ ಕೂರಿಸಿಕೊಂಡು ಹೋಗಬೇಕಾಗಿಲ್ಲ. ಗೈಡ್‌ಅಲಾಂಗ್, ಶಾಕಾ ಗೈಡ್ ಎಂಬಂಥ ಆ್ಯಪ್‌ಗಳಿವೆ. ರೊಕ್ಕ ಕೊಟ್ಟು ಮನೆಯಲ್ಲೇ ಫೋನಿಗೆ ಇಳಿಸಿಕೊಂಡರಾಯಿತು. ಕಾರು ಗೊತ್ತುಮಾಡಿದ ಜಾಗಕ್ಕೆ ಬಂದೊಡನೆ ಫೋನು ತಾನೇ ಮಾತಾಡುತ್ತದೆ: ಇಲ್ಲಿ ಜಲಪಾತವಿದೆ, ಇಲ್ಲಿ ಕರಡಿ ಓಡಾಡುತ್ತದೆ, ಮುಂದಿನ ಕಟ್ಟೆಯಲ್ಲಿ ಗಾಡಿ ನಿಲ್ಲಿಸಿ ಫೋಟೋ ತೆಗೆದುಕೊಳ್ಳಿ. ಗಾಡಿ ಎಲ್ಲಿದೆ ಎಂಬುದನ್ನು ಫೋನಿಗೆ ಉಪಗ್ರಹ ತಿಳಿಸುವುದರಿಂದ ಕಣಿವೆಯಲ್ಲಿ ನೆಟ್‌ವರ್ಕ್ ಸತ್ತರೂ ಮಾತು ಸಾಯುವುದಿಲ್ಲ.

ಅವನು ಹೀಗೆ ಕೇಳುತ್ತ ಹೋಗಿದ್ದು ಬ್ಲೂ ರಿಜ್ ಪಾರ್ಕ್‌ವೇ ಎಂಬ ಬೆಟ್ಟದ ದಾರಿಯಲ್ಲಿ. ವರ್ಜೀನಿಯಾದಿಂದ ಗ್ರೇಟ್ ಸ್ಮೋಕಿ ಬೆಟ್ಟಗಳವರೆಗೆ 469 ಮೈಲಿ. ಸರಕಿನ ಲಾರಿಗೆ ಪ್ರವೇಶವಿಲ್ಲ. ಗಂಟೆಗೆ 45 ಮೈಲಿ ಮೀರುವಂತಿಲ್ಲ. 1935ರಲ್ಲಿ ಹಿಡಿದ ಕೆಲಸ ಪೂರ್ತಿ ಮುಗಿದದ್ದು 1987ರಲ್ಲಿ. ಇದೊಂದನ್ನು ಕೇಳಿ ಕಾಕಾನಿಗೆ ಬಹಳ ಸಮಾಧಾನವಾಯಿತು. “ಐವತ್ತೆರಡು ವರ್ಷ! ಹಂಗಾರ ನಮ್ಮ ಗುತ್ತಿಗೆದಾರರು ಅಷ್ಟೇನು ಹಿಂದ ಬಿದ್ದಿಲ್ಲ ಬಿಡು.”

ಅಳಿಯನಿಗೆ ನಮ್ಮನ್ನೂ ಹಾಗೆ ಘಟ್ಟದಲ್ಲಿ ಇಳಿಸಬೇಕೆಂಬ ಹುಕಿ ಬಂತು. ದಾರಿ ಹುಡುಕುವ ಕಷ್ಟವಿರಲಿಲ್ಲ. ಪಂಜಾಬಿನ ಸಂಗ್ರೂರಿನಲ್ಲಿ ಹುಟ್ಟುವ ರಾಷ್ಟ್ರೀಯ ಹೆದ್ದಾರಿ 52 ನವಲಗುಂದ, ಹುಬ್ಬಳ್ಳಿ, ಕಲಘಟಗಿ, ಯಲ್ಲಾಪುರ ದಾಟಿ, ಅರಬೈಲ್ ಘಟ್ಟ ಇಳಿದು ಅಂಕೋಲೆಯಲ್ಲಿ ಮುಗಿಯುತ್ತದೆ. ನಮ್ಮ ಸೀಮೆಯಲ್ಲಿ ಗೆರೆ ಕೊರೆದಂತೆ ಸಾಗುವ ಈ ರಸ್ತೆ ಅರಬೈಲಿಗೆ ಹೋದೊಡನೆ ಯಾಕೆ ಹಾಗೆ ವರ್ತಿಸುತ್ತದೆಂದು ಅವ್ವನಿಗೆ ಇವತ್ತಿಗೂ ಅರ್ಥವಾಗಿಲ್ಲ. ಆದರೆ ಆ ದಾರಿಗೆ ಕನ್ನಡದಲ್ಲಿ ಮಾತಾಡುವ ಆ್ಯಪ್ ಅಳಿಯನಿಗೆ ಸಿಗಲಿಲ್ಲ. “ಸಿಗದಿದ್ರ ಮಾಡೂಣು” ಅಂದ. ದನಿ ಯಾರದು? ಮನೆಯವರೆಲ್ಲ ಕಾಕಾನ ಕಡೆ ನೋಡಿದರು. ಕಾಕಾ ಆಗಲೇ ಗಂಟಲು ಸರಿಮಾಡಿಕೊಳ್ಳುತ್ತಿದ್ದ.

ಕಾಕಾ ನಿವೃತ್ತ ಕನ್ನಡ ಸಾಲಿ ಮಾಸ್ತರ. 1950ರ ಜನವರಿ 8ರಂದು ಶುರುವಾದ ಧಾರವಾಡ ಆಕಾಶವಾಣಿಗೂ ತನಗೂ ಹೆಚ್ಚುಕಡಿಮೆ ಒಂದೇ ವಯಸ್ಸು, ತನ್ನನ್ನು ಅಲ್ಲಿಗೆ ಕರೆಯದೇ ಹೋದದ್ದು ಆಕಾಶವಾಣಿಯ ನಸೀಬು ಎಂಬುದು ಅವನ ಬಹುಕಾಲದ ಅಭಿಪ್ರಾಯ. ಧ್ವನಿಮುದ್ರಣಕ್ಕೆ ಹತ್ತಿ ತುಂಬಿದ ಖೋಲಿಯನ್ನು ಅಳಿಯ ಆರಿಸಿದ. ಗೋಡೆಯವರೆಗೂ ಹತ್ತಿ ಇದ್ದುದರಿಂದ ದನಿ ಮರುದನಿ ಕೊಡದೆ ಶುದ್ಧವಾಗಿ ಬರುತ್ತಿತ್ತು. ದೊಡ್ಡ ಸ್ಟುಡಿಯೋದವರು ಸಾವಿರಾರು ರೂಪಾಯಿ ಸುರಿದು ಮಾಡಿಸುವ ಏರ್ಪಾಡು ನಮ್ಮಲ್ಲಿ ಬೆಲೆ ಏರುವುದನ್ನು ಕಾಯುತ್ತ ಬಿದ್ದಿತ್ತು. ಒಳಗೆ ಹೋಗುವಾಗ “ಏ, ಕದಾ ಹಾಕ್ರಿ, ಎಮ್ಮಿ ಒದರಾಕತ್ತೈತಿ” ಅಂದ ಕಾಕಾ, ಗುಂಡಿ ಒತ್ತಿದ ಕೂಡಲೇ “ಪ್ರಿಯ ಪ್ರವಾಸಿಗರೇ, ತಮಗೆಲ್ಲರಿಗೂ ಸಹ್ಯಾದ್ರಿಯ ಮಡಿಲಿಗೆ ಆದರದ ಸುಸ್ವಾಗತ” ಎಂದುಬಿಟ್ಟ. ಒಂದೊಂದು ಮಾತಿನ ತುಣುಕನ್ನೂ ಅಳಿಯ ನಕ್ಷೆಯ ಒಂದೊಂದು ಜಾಗಕ್ಕೆ ಕಟ್ಟಿದ.

ಹೊರಡುವ ದಿನ ಗೊತ್ತಾದ ಸಂಗತಿಯೆಂದರೆ, ದನಿ ಕೊಟ್ಟ ಕಾಕಾ ಮನೆಯಲ್ಲಿ ಉಳಿಯುವವನಲ್ಲ. ಮುಂದಿನ ಸೀಟಿನಲ್ಲಿ ಅವನೇ ಕೂತ. ಹಿಂದೆ ನಾನು, ಅವ್ವ, ಕಟಕ ರೊಟ್ಟಿ ಮತ್ತು ಶೇಂಗಾ ಚಟ್ನಿಯ ಬುತ್ತಿ. ಹೀಗಾಗಿ ಕಾರಿನಲ್ಲಿ ಇಬ್ಬರು ಕಾಕಾ ಇದ್ದರು: ಒಬ್ಬ ಗ್ರಾಂಥಿಕ, ಒಬ್ಬ ಜವಾರಿ. ಹುಬ್ಬಳ್ಳಿ ದಾಟಿದ ಮೇಲೆ ಗ್ರಾಂಥಿಕ ಕಾಕಾ ಮೊದಲ ಸಲ ಬಾಯಿ ತೆರೆದಾಗ ಅವ್ವ ಹೌಹಾರಿದಳು. “ನಿನ್ನ ಬಾಯಿ ಮುಚ್ಚೈತಿ, ಮಾತು ಎಲ್ಲಿಂದ ಬರಾಕತ್ತಾವೋ?”

ಇಲ್ಲಿ ಅವ್ವನ ಪದ್ಧತಿಯೊಂದನ್ನು ಹೇಳಬೇಕು. ನಮ್ಮ ಕಡೆ ಕತೆ ಹೇಳುವವರಿಗೆ ಹೂಂಗುಟ್ಟುವವರು ಬೇಕು. “ಹೂಂ ಅನ್ನು, ಮುಂದ ಹೇಳ್ತೀನಿ” ಎಂಬುದು ಕರಾರು. ಹೂಂ ನಿಂತರೆ ಕೇಳುವವನು ಮಲಗಿದ ಅಂತ ಅರ್ಥ, ಕತೆಯೂ ನಿಲ್ಲುತ್ತದೆ. ಅವ್ವ ಫೋನಿಗೂ ಆ ಮರ್ಯಾದೆ ಕೊಟ್ಟಳು. “ಕಲಘಟಗಿಯ ಬಣ್ಣದ ತೊಟ್ಟಿಲುಗಳು ನಾಡಿನಾದ್ಯಂತ ಹೆಸರಾಗಿವೆ.” “ಹೂಂ.” “ಅವುಗಳ ಮೇಲೆ ಪುರಾಣದ ಕಥಾಪ್ರಸಂಗಗಳನ್ನು ಬಿಡಿಸುತ್ತಾರೆ.” “ಹೂಂ. ಈಗ ಒಂದಕ್ಕ ಎಷ್ಟ ಆಗಿರಬೇಕು?” ಫೋನು ಬೆಲೆ ಹೇಳದೆ ಬೇಡ್ತಿ ನದಿಗೆ ಹೋಯಿತು. ಅವ್ವ ಮುಂದಿನ ಸೀಟಿನ ಕಾಕಾನ ಹೆಗಲು ತಿವಿದಳು. “ಕೇಳಿದ್ದಕ್ಕ ಹೇಳವಲ್ಲಿ, ಎಷ್ಟ ಸೊಕ್ಕು ಬಂದೈತಿ ನಿನಗ!” ಜವಾರಿ ಕಾಕಾ ಬೆಲೆ ಹೇಳಲು ಹೊರಟರೆ ಗ್ರಾಂಥಿಕ ಕಾಕಾ ನಡುವೆ ಬಾಯಿ ಹಾಕಿದ. ತನ್ನ ಮಾತನ್ನು ತಾನೇ ತಡೆಯಲಾರದ ಸ್ಥಿತಿ ಕಾಕಾನಿಗೆ ಮೊದಲಿಂದಲೂ ಇತ್ತು. ಅದು ಇಷ್ಟು ಸ್ಪಷ್ಟವಾಗಿ ಕಂಡದ್ದು ಅವತ್ತೇ.

ಹುಬ್ಬಳ್ಳಿಯಿಂದ ಸುಮಾರು 70 ಕಿಲೋಮೀಟರಿಗೆ ಯಲ್ಲಾಪುರ. ಅಲ್ಲಿ ಚಹಾಕ್ಕೆ ಗಾಡಿ ನಿಲ್ಲಿಸಲು ಜಾಗ ಹುಡುಕುತ್ತ ಪೇಟೆ ಸುತ್ತಿದೆವು. ಪ್ರತಿ ಸುತ್ತಿಗೂ ಫೋನು “ಯಲ್ಲಾಪುರಕ್ಕೆ ತಮಗೆ ಹಾರ್ದಿಕ ಸ್ವಾಗತ” ಎಂದು ಕೂಗುತ್ತಿತ್ತು. ಕಾರಿನ ಗಾಜು ಇಳಿಸಿತ್ತು. ಕೊನೆಗೆ ಚಹಾದಂಗಡಿಯವರು ಹೊರಗೆ ಬಂದು, “ಯಾವ ಪಾರ್ಟಿಯ ಪ್ರಚಾರ ಮಾರಾಯ್ರೆ? ಈಗ ಎಲೆಕ್ಷನ್ ಎಂತದೂ ಇಲ್ವಲ್ಲ!” ಅಂದರು.

ಯಲ್ಲಾಪುರ ಬಿಟ್ಟ ಮೇಲೆ ಕಾಕಾ ಖೋಲಿಯಲ್ಲಿ ಬಹಳ ಮುತುವರ್ಜಿಯಿಂದ ಹೇಳಿದ್ದ ಭಾಗ ಬಂತು. 1861ರಲ್ಲಿ ಅಮೆರಿಕದಲ್ಲಿ ಅಂತರ್ಯುದ್ಧ ಹತ್ತಿ ಅಲ್ಲಿಯ ತೆಂಕಣ ರಾಜ್ಯಗಳ ಹತ್ತಿ ಇಂಗ್ಲೆಂಡಿನ ಗಿರಣಿಗಳಿಗೆ ಸಿಗದಾಯಿತು. ಗಿರಣಿಯವರ ಕಣ್ಣು ಧಾರವಾಡ ಸೀಮೆಯ ಎರಿ ಹೊಲದ ಮೇಲೆ ಬಿತ್ತು. ಹತ್ತಿ ಹಡಗು ಹತ್ತಬೇಕಾದರೆ ಮೊದಲು ಘಟ್ಟ ಇಳಿಯಬೇಕು. ಎತ್ತಿನ ಬಂಡಿಗಳು ಕುಮಟೆಯ ಬಂದರಿಗೆ ಸಾಲುಗಟ್ಟಿದವು. ನಮ್ಮ ಹೊಲದಲ್ಲಿ ಬೆಳೆದರೂ ಪೇಟೆಯಲ್ಲಿ ಅದಕ್ಕೆ ‘ಕುಮಟಾ ಹತ್ತಿ’ ಎಂದೇ ಹೆಸರಾಯಿತು. ಹತ್ತಿ ಸಾಗಿಸಲು ಕಾರವಾರದ ಬಂದರು ಬೇಕೆಂದು 1862ರಲ್ಲಿ ಉತ್ತರ ಕನ್ನಡವನ್ನು ಮದ್ರಾಸ್ ಪ್ರಾಂತ್ಯದಿಂದ ಕಿತ್ತು ಮುಂಬೈಗೆ ಜೋಡಿಸಿದರು. ಮುಂದೆ ಹುಬ್ಬಳ್ಳಿಗೆ ರೈಲು ಬಂದ ಮೇಲೆ ಬಂಡಿಗಳ ಸಾಲು ಕರಗಿತು.

ಜವಾರಿ ಕಾಕಾ ಹಿಗ್ಗಿ ಅಳಿಯನ ಕಡೆ ತಿರುಗಿದ. “ನೋಡಿದ್ಯಾ? ಜಗಳಾ ನಿಮ್ಮ ಕೆರೊಲಿನಾದಾಗ ಹತ್ತಿತು, ಘಟ್ಟಾ ಇಳಿದದ್ದು ನಮ್ಮ ನವಲಗುಂದದ ಎತ್ತು.” ಅಳಿಯ “ಅಜ್ಜಾ, ಅದು ದಕ್ಷಿಣ ಕೆರೊಲಿನಾ, ನಾ ಇರೂದು ಉತ್ತರ” ಎಂದು ತಪ್ಪಿಸಿಕೊಳ್ಳಲು ನೋಡಿದ. ಯುದ್ಧದ ಮೊದಲ ಗುಂಡು ಹಾರಿದ ಫೋರ್ಟ್ ಸಮ್ಟರ್ ದಕ್ಷಿಣದಲ್ಲಿದೆ ಎಂಬುದು ನಿಜ. ಆದರೆ ಆಮೇಲೆ ಉತ್ತರ ಕೆರೊಲಿನಾ ಕೂಡ ಅದೇ ಕಡೆ ಸೇರಿತ್ತು. ಕಾಕಾ ಬಿಡಲಿಲ್ಲ. ಹತ್ತಿಯ ಲೆಕ್ಕದಲ್ಲಿ ಅಮೆರಿಕ ನಮಗೆ ಇನ್ನೂ ಬಾಕಿ ಇದೆ ಎಂಬಂತೆ ಮಾತಾಡಿದ.

ಅರಬೈಲ್ ಘಟ್ಟದಲ್ಲಿ ಯೋಜನೆಯೆಲ್ಲ ಕುಲಗೆಟ್ಟಿತು. ಬ್ಲೂ ರಿಜ್‌ನಲ್ಲಿ ಲಾರಿಗಳಿಲ್ಲ, ಎಲ್ಲರೂ ಒಂದೇ ವೇಗದಲ್ಲಿ ಹೋಗುತ್ತಾರೆ. ಅಲ್ಲಿಯ ಮಾತು ರಸ್ತೆಯ ಜೊತೆ ಹೆಜ್ಜೆ ಹಾಕುತ್ತದೆ. ನಮ್ಮ ಮುಂದೆ ತೆವಳುತ್ತಿದ್ದುದು ಟ್ಯಾಂಕರು. ಅದರ ಹಿಂದೆ ಬರೆದದ್ದನ್ನೆಲ್ಲ ಓದಿ ಮುಗಿಸಿದೆವು. ಫೋನಿನ ಕಾಕಾ “ಈಗ ತಮ್ಮ ಎಡಕ್ಕೆ ಕಣ್ಣು ಹಾಯಿಸಿ, ಹಸಿರಿನ ಮಹಾಪ್ರಪಾತ” ಅಂದ. ಎಡಕ್ಕೆ ಮಣ್ಣಿನ ದರೆ ಇತ್ತು. “ಬಲಕ್ಕೆ ಮುಗಿಲು ಮುಟ್ಟುವ ಬಂಡೆ” ಅಂದ. ಬಲಕ್ಕೆ ಕಣಿವೆ ಬಾಯಿ ತೆರೆದಿತ್ತು. ವಿಚಾರಿಸಿದಾಗ ಹೊರಬಿದ್ದದ್ದು: ಕಾಕಾ ಘಟ್ಟವನ್ನು ನೆನಪಿಟ್ಟುಕೊಂಡದ್ದು ಅಂಕೋಲೆಯಿಂದ ಬಸ್ಸಿನಲ್ಲಿ ವಾಪಸು ಬರುವಾಗ. ಹೋಗುವಾಗ ಅವನಿಗೆ ನಿದ್ದೆ ಹತ್ತಿತ್ತಂತೆ. “ನಾ ಹೇಳಿದ್ದು ಬರೋಬ್ಬರಿ ಐತಿ. ನೀವ ಉಲ್ಟಾ ಹೊಂಟೀರಿ” ಎಂದು ವಾದಿಸಿದ. ಕಣ್ಣು ಹಾಯಿಸಿ ಎಂದಾಗಲೆಲ್ಲ ಸ್ಟೇರಿಂಗ್ ಹಿಡಿದ ಅಳಿಯನೂ ಕಣ್ಣು ಹಾಯಿಸುತ್ತಿದ್ದ. ಅವ್ವ ಲಿಂಬಿಹಣ್ಣು ಮೂಸುತ್ತ, “ಏ ತಮ್ಮಾ, ನೀ ಎದುರಿಗೆ ನೋಡಪಾ, ನಿನ್ನ ಪಾಲಿಂದೂ ನಾ ನೋಡ್ತೀನಿ” ಎಂದು ಕೈಮುಗಿದಳು. ಅಷ್ಟರಲ್ಲಿ ಮಂಜು ಕವಿದು ನೋಡಲು ಏನೂ ಉಳಿಯಲಿಲ್ಲ. ಫೋನು ಮಾತ್ರ ನಯನಮನೋಹರ, ನಯನಮನೋಹರ ಎನ್ನುತ್ತಲೇ ಇತ್ತು.

ಘಟ್ಟದ ಕೆಳಗೆ ಗಂಗಾವಳಿ ನದಿ ರಸ್ತೆಯ ಮಗ್ಗುಲಿಗೆ ಬರುತ್ತದೆ. ಮಂಜು ಹರಿದಿತ್ತು. ಡಿಸೆಂಬರಿನಲ್ಲೂ ಅಷ್ಟು ನೀರು ನೋಡಿ ಅವ್ವ ಕಿಟಕಿಗೆ ಹತ್ತಿದಳು. ಧಾರವಾಡದಲ್ಲಿ ಹುಟ್ಟುವ ಶಾಲ್ಮಲೆ ಮುಂದೆ ಬೇಡ್ತಿಯಾಗಿ, ಕೊನೆಗೆ ಗಂಗಾವಳಿಯೆಂಬ ಹೆಸರಿನಲ್ಲಿ ಅರಬ್ಬಿ ಸಮುದ್ರ ಸೇರುತ್ತದೆಂದು ಫೋನು ಹೇಳಿತು. ಅವ್ವ ಈ ಸಲ ಹೂಂ ಅನ್ನಲಿಲ್ಲ.

“ಧಾರವಾಡದಾಗ ಹುಟ್ಟಿದಾಕಿ ನಮ್ಮ ಕಡೆ ಬರೂದು ಬಿಟ್ಟು ಇತ್ತಾಗ ಯಾಕ ಬಂದ್ಲು?”

ಫೋನು ಅಂಕೋಲೆಯ ದೂರ ಹೇಳಿತು. ಕಾಕಾ ಅದನ್ನು ಆರಿಸಿ, ಪೂರ್ತಿ ಹಿಂದೆ ತಿರುಗಿ ಕೂತ. “ವೈನಿ, ಹೆಣ್ಣುಮಕ್ಕಳು ಹುಟ್ಟಿದೂರಾಗ ಉಳೀತಾರೇನು?” ಅಂದ. ಆಮೇಲೆ ಮಾಸ್ತರಿಕೆಗೆ ಇಳಿದ. ಧಾರವಾಡದ ದಿಣ್ಣೆಯ ಒಂದು ಮಗ್ಗುಲಿಗೆ ಬಿದ್ದ ಮಳೆ ಇತ್ತ ಬರುತ್ತದೆ. ಮತ್ತೊಂದು ಮಗ್ಗುಲಿನದು ನಮ್ಮ ಬೆಣ್ಣಿಹಳ್ಳ ಸೇರಿ, ಮಲಪ್ರಭೆಗೆ, ಕೃಷ್ಣೆಗೆ ಕೂಡಿ ಬಂಗಾಳ ಉಪಸಾಗರಕ್ಕೆ ಹೋಗುತ್ತದೆ. “ಹಂಗಾರ ಮಹಾದಾಯಿ?” ಅಂದಳು ಅವ್ವ. ಅದನ್ನು ಕೇಳದೆ ಬಿಡುವುದು ಯಮನೂರಿನವರಿಂದ ಆಗದು. 2016ರ ಜುಲೈನಲ್ಲಿ ಆ ನದಿಯ ನೀರನ್ನು ಮಲಪ್ರಭೆಗೆ ತಿರುಗಿಸುವ ಹೋರಾಟಕ್ಕಾಗಿ ನಮ್ಮೂರು ಲಾಠಿ ಕಂಡಿದೆ. 2018ರ ಆಗಸ್ಟಿನಲ್ಲಿ ನ್ಯಾಯಮಂಡಳಿ ಕರ್ನಾಟಕಕ್ಕೆ 13.42 ಟಿಎಂಸಿ ಕೊಟ್ಟಿತು, ಅದರಲ್ಲಿ ಕಳಸಾ-ಬಂಡೂರಿ ಯೋಜನೆಯ ಮೂಲಕ ಮಲಪ್ರಭೆಗೆ ತಿರುಗಬೇಕಾದದ್ದು 3.9 ಎಂದ ಕಾಕಾ. “ಕೊಟ್ಟಾರಲ್ಲ, ಬಂತೇನು?” ಅಂದಳು ಅವ್ವ. ಕಾಕಾ ಉತ್ತರಿಸಿದ, ಅವ್ವ ಮತ್ತೆ ಕೇಳಿದಳು, ನಾನು ಅಡ್ಡ ಬಾಯಿ ಹಾಕಿದೆ, ಅಳಿಯ ಗಾಡಿಯ ವೇಗ ಇಳಿಸಿ ಕಿವಿಗೊಟ್ಟ. ಅಂಕೋಲೆ ಮುಟ್ಟುವವರೆಗೆ ಮಾತು ಮುಗಿಯಲಿಲ್ಲ; ಆ ದಾರಿಯ ನಿಜವಾದ ಪ್ರವಾಸ ಕಥನ ನಡೆದದ್ದು ಅಲ್ಲೇ.

ಮಾತಾಡುವ ಫೋನಿನ ಮೇಲೆ ನನಗೆ ಸಿಟ್ಟಿಲ್ಲ. ಕುಮಟಾ ಹತ್ತಿಯ ಕತೆಯನ್ನು ಅದಿಲ್ಲದಿದ್ದರೆ ಕಾಕಾ ಅಷ್ಟು ಅಚ್ಚುಕಟ್ಟಾಗಿ ಹೇಳುತ್ತಿರಲಿಲ್ಲ. ಘಟ್ಟಕ್ಕೆ ಹೊರಟವರು ನೀವೂ ಇಂಥದೊಂದು ಮಾಡಿಕೊಳ್ಳಿ. ಮನೆಯಲ್ಲೇ ಫೋನಿಗೆ ತುಂಬಿಸಿಕೊಳ್ಳಿ. ಎಡಬಲವನ್ನು ಹೋಗುವ ದಿಕ್ಕಿನಿಂದಲೇ ಗುರುತುಹಾಕಿ. ಗಾಡಿ ನಡೆಸುವವನಿಗೆ ಏನನ್ನೂ ತೋರಿಸಬೇಡಿ. ಮತ್ತು ನಿಲ್ಲಿಸುವ ಗುಂಡಿಯನ್ನು ಹಿಂದಿನ ಸೀಟಿನ ಹಿರಿಯರ ಕೈಗೆ ಕೊಡಿ, ಯಾಕೆಂದರೆ ಕೇಳಬೇಕಾದ ಪ್ರಶ್ನೆಗಳೆಲ್ಲ ಅವರ ಹತ್ತಿರ ಇರುತ್ತವೆ.