ಟೂರ್ ಪ್ಲಾನ್ ಮೇಷ್ಟ್ರು

ಹಾಸನ ಜಿಲ್ಲೆಯ ಯಾವ ತಾಲ್ಲೂಕಿಗೆ ಹೋದರೂ ಇಂಥವರೊಬ್ಬರು ಸಿಕ್ಕೇ ಸಿಗುತ್ತಾರೆ. ಅರಕಲಗೂಡಿನಲ್ಲಾದರೆ ಲೈಬ್ರರಿಯ ಬೆಂಚಿನ ಮೇಲೆ, ಹೊಳೆನರಸೀಪುರದಲ್ಲಾದರೆ ರೈಲ್ವೆ ಸ್ಟೇಷನ್ನಿನಲ್ಲಿ, ಚನ್ನರಾಯಪಟ್ಟಣದಲ್ಲಾದರೆ ಬೈಟು ಕಾಫಿಯ ಮುಂದೆ. ಹೈಸ್ಕೂಲಿನಲ್ಲಿ ಆಯುಷ್ಯವಿಡೀ ಸಮಾಜ ಪಾಠ ಹೇಳಿ ರಿಟೈರ್ ಆದವರು. ಬಗಲಲ್ಲೊಂದು ಬ್ಯಾಗು. ಅದರೊಳಗೆ ಸ್ಕೇಲು, ಗ್ರಾಫ್ ಹಾಳೆ, ಕೆಂಪು-ನೀಲಿ-ಹಸಿರು ಪೆನ್ನು, ಮಡಿಸಿ ಮಡಿಸಿ ಗೆರೆಯಲ್ಲೇ ಹರಿದುಹೋದ ಜಿಲ್ಲೆಯ ನಕ್ಷೆ. ಊರಿನಲ್ಲಿ ಯಾರಾದರೂ ಸೂಟ್‌ಕೇಸಿನ ಧೂಳು ಒರೆಸಿದರೆ ಸಾಕು, ಇವರು ಗೇಟಿನ ಹತ್ತಿರ ನಿಂತಿರುತ್ತಾರೆ. ‘ಎಲ್ಲಿಗೆ? ಎಷ್ಟು ದಿನ? ಪ್ಲಾನ್ ಯಾರು ಹಾಕಿದ್ದು?’ ಕೊನೆಯ ಪ್ರಶ್ನೆಗೆ ‘ನಾವೇ’ ಎಂದುಬಿಟ್ಟರೆ ಅವರ ಮುಖ ನೋಡಲಾಗುವುದಿಲ್ಲ.

ನಾನು ಹೇಳಹೊರಟಿರುವುದು ಚನ್ನರಾಯಪಟ್ಟಣದ ಮೇಷ್ಟ್ರ ವಿಷಯ. ಇವರು ಹೋಗಿಬಂದ ಊರು ಕಡಿಮೆ, ಪ್ಲಾನ್ ಹಾಕಿಕೊಟ್ಟ ಊರು ಲೆಕ್ಕವಿಲ್ಲ. ಕಾಶಿ, ಹಂಪಿ, ಲಂಡನ್ ಎಲ್ಲವೂ ಇವರ ಗ್ರಾಫ್ ಹಾಳೆಯ ಮೇಲೆ ನಿಮಿಷ ನಿಮಿಷಕ್ಕೂ ಲೆಕ್ಕವಾಗಿವೆ. ನಮ್ಮ ಜಿಲ್ಲೆಯವರೇ ಆದ ಗೊರೂರು ರಾಮಸ್ವಾಮಿ ಅಯ್ಯಂಗಾರರೆಂದರೆ ಮೇಷ್ಟ್ರಿಗೆ ದೇವರ ಸಮಾನ. ‘ಅಮೆರಿಕಾದಲ್ಲಿ ಗೊರೂರು’ ಪುಸ್ತಕಕ್ಕೆ 1980ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂದದ್ದನ್ನು ತಮ್ಮ ಮನೆಯ ಸಮಾಚಾರವೆಂಬಂತೆ ಹೇಳುತ್ತಾರೆ. ಆದರೆ ಒಂದು ತಕರಾರು ಇದ್ದೇ ಇದೆ. ‘ಹೋಗಿಬಂದು ಬರೆದರು ಕಣ್ರೀ. ಹೋಗೋಕೆ ಮುಂಚೆ ಬರೆದಿದ್ರೆ ಅನುಕೂಲ ಆಗ್ತಿತ್ತು.’

ಮೇಷ್ಟ್ರ ತಮ್ಮನ ಮಗ ಪೋಲೆಂಡಿನ ಕ್ರಾಕೋವ್‌ನಲ್ಲಿ ಸಾಫ್ಟ್‌ವೇರ್ ಕೆಲಸದಲ್ಲಿದ್ದಾನೆ. ಒಮ್ಮೆ ಫೋನಿನಲ್ಲಿ, ‘ದೊಡ್ಡಪ್ಪ, ಎರಡು ದಿನ ರಜಾ ಇದೆ, ಎಲ್ಲಾದ್ರೂ ಸುತ್ತಾಡೋಣ ಅಂತಿದೀವಿ’ ಅಂದುಬಿಟ್ಟ. ಬೆಳಗಾಗುವುದರೊಳಗೆ ಅವನ ವಾಟ್ಸಾಪಿಗೆ ಮೂರು ಬಣ್ಣದ ಪ್ಲಾನ್ ಹೋಗಿತ್ತು. ಶೀರ್ಷಿಕೆ: ‘ಎರಡು ನಗರ, ಎರಡು ದಿನ: ಚಾರಿತ್ರಿಕ ಪ್ರವಾಸ.’ ಮೊದಲ ದಿನ ಕ್ರಾಕೋವ್, ಎರಡನೇ ದಿನ ವಾರ್ಸಾ.

‘ದೊಡ್ಡಪ್ಪ, ನಾನು ಇರೋದೇ ಕ್ರಾಕೋವ್‌ನಲ್ಲಿ.’

‘ಇರೋದು ಬೇರೆ, ನೋಡೋದು ಬೇರೆ ಕಣೋ. ನಾನು ಹುಟ್ಟಿದಾಗಿಂದ ಪಟ್ಟಣದಲ್ಲಿದೀನಿ. ನಮ್ಮ ತಾಲ್ಲೂಕಿನ ನುಗ್ಗೇಹಳ್ಳೀನ ಸರಿಯಾಗಿ ನೋಡಿದ್ದು ರಿಟೈರ್ ಆದ್ಮೇಲೆ!’

ಪ್ಲಾನಿನಲ್ಲಿ ವಾವೆಲ್ ಗುಡ್ಡದ ಅರಮನೆಗೆ 2 ಗಂಟೆ ಕೊಟ್ಟಿದ್ದರು. ಸೇಂಟ್ ಮೇರಿ ಚರ್ಚಿನ ಗೋಪುರದಿಂದ ಗಂಟೆಗೊಮ್ಮೆ ತುತ್ತೂರಿ ಊದುತ್ತಾರಲ್ಲ, ಅದಕ್ಕೆ 4 ನಿಮಿಷ. ಆ ರಾಗ ನಡುವೆಯೇ ತಟಕ್ಕನೆ ನಿಲ್ಲುತ್ತದೆ. 1241ರಲ್ಲಿ ತಾತಾರರು ದಂಡೆತ್ತಿ ಬಂದಾಗ ಊದುತ್ತಿದ್ದವನ ಗಂಟಲಿಗೆ ಬಾಣ ತಾಗಿತಂತೆ, ಅದರ ನೆನಪಿಗೆ ಇವತ್ತಿಗೂ ಅರ್ಧಕ್ಕೇ ನಿಲ್ಲಿಸುತ್ತಾರೆ ಎಂಬುದು ಅಲ್ಲಿಯ ಐತಿಹ್ಯ. ‘ಅರ್ಧಕ್ಕೆ ನಿಲ್ಲುತ್ತದೆ, ಕೆಟ್ಟುಹೋಯಿತೆಂದು ತಿಳಿಯಬಾರದು’ ಎಂದು ಕೆಂಪು ಪೆನ್ನಿನಲ್ಲಿ ಟಿಪ್ಪಣಿ ಬೇರೆ.

ವಾರ್ಸಾದ ವಿಷಯಕ್ಕೆ ಬಂದಾಗ ಮೇಷ್ಟ್ರ ದನಿ ಏರಿತು. ರಾಜ ಮೂರನೇ ಸಿಗಿಸ್ಮಂಡ್ 1596ರಿಂದೀಚೆಗೆ ಆಸ್ಥಾನವನ್ನು ಕ್ರಾಕೋವ್‌ನಿಂದ ವಾರ್ಸಾಕ್ಕೆ ಎತ್ತಿಕೊಂಡು ಹೋದ. ‘ನಮ್ಮ ಹೊಯ್ಸಳರೂ ಅಷ್ಟೇ. ಸೊಸೆವೂರು ಬಿಟ್ಟು ಬೇಲೂರು, ಬೇಲೂರು ಬಿಟ್ಟು ದೋರಸಮುದ್ರ. ರಾಜರಿಗೆ ಟ್ರಾನ್ಸ್‌ಫರ್ ಚಟ ಎಲ್ಲಾ ಕಡೇನೂ ಇತ್ತು.’ 1944ರಲ್ಲಿ ಜರ್ಮನರು ವಾರ್ಸಾದ ಹಳೇ ಪೇಟೆಯನ್ನು ನೆಲಸಮ ಮಾಡಿದರು. ಯುದ್ಧ ಮುಗಿದ ಮೇಲೆ ಆ ಜನ ಹಳೆಯ ವರ್ಣಚಿತ್ರಗಳನ್ನು ಮುಂದಿಟ್ಟುಕೊಂಡು ಕಿಟಕಿಗೆ ಕಿಟಕಿ, ಬಾಗಿಲಿಗೆ ಬಾಗಿಲು ಜೋಡಿಸಿ ಅದನ್ನೇ ತಿರುಗಿ ಕಟ್ಟಿದರು. 1980ರಲ್ಲಿ ಯುನೆಸ್ಕೊ ಪಟ್ಟಿಗೂ ಸೇರಿಸಿದರು. ಇಷ್ಟು ಹೇಳಿ ಮೇಷ್ಟ್ರು ನಿಟ್ಟುಸಿರು ಬಿಟ್ಟರು. ‘ಅವರು ಬಿದ್ದ ಊರನ್ನ ಎಬ್ಬಿಸಿ ನಿಲ್ಲಿಸಿದ್ರು. ನಾವು 1311ರಲ್ಲಿ ಮಲಿಕ್ ಕಾಫರ್ ಬಂದುಹೋದ ದೋರಸಮುದ್ರಕ್ಕೆ ಹಳೇಬೀಡು ಅಂತ ಹೆಸರಿಟ್ಟು ಹಿಂಗಾರು ಬಿತ್ತನೆಗೆ ಹೊರಟುಬಿಟ್ವಿ.’

ಹುಡುಗ ಪ್ಲಾನಿಗೆ ‘ಥ್ಯಾಂಕ್ಸ್ ದೊಡ್ಡಪ್ಪ’ ಎಂದು ಉತ್ತರ ಬರೆದು, ಹೆಂಡತಿ ಮಗುವಿನ ಜೊತೆ ಬೆಟ್ಟ ನೋಡಲು ಹೋದನೆಂದು ಆಮೇಲೆ ಗೊತ್ತಾಯಿತು. ಮೇಷ್ಟ್ರಿಗೆ ಇದನ್ನು ಯಾರೂ ಹೇಳಿಲ್ಲ.

ಆದರೆ ಋಣ ಬಿಡಬೇಕಲ್ಲ. ಊರಿಗೆ ಬಂದಾಗ ಹುಡುಗ ತಾನೇ ಕೇಳಿದ: ‘ದೊಡ್ಡಪ್ಪ, ನಮ್ಮ ಕಡೇದೇ ಎರಡು ಊರು ತೋರ್ಸಿ. ಬೇಲೂರು, ಹಳೇಬೀಡು. ಸಾಕು.’ ಎರಡಕ್ಕೂ ನಡುವೆ 16 ಕಿಲೋಮೀಟರು. ಹಾಸನದಿಂದ ಬೇಲೂರು 40 ಕಿಲೋಮೀಟರಿನೊಳಗೆ. ಲೋಕದಲ್ಲಿ ಇದಕ್ಕಿಂತ ಸಲೀಸಾದ ಪ್ರವಾಸ ಇನ್ನೊಂದಿಲ್ಲ. ಕೆಡಿಸುವುದಕ್ಕೆ ಮೇಷ್ಟ್ರೊಬ್ಬರಿಂದ ಆಗುತ್ತಿರಲಿಲ್ಲ, ನೆಂಟರಿಷ್ಟರೆಲ್ಲ ಕೈಹಚ್ಚಬೇಕಾಯಿತು.

ಸುದ್ದಿ ಮೊದಲು ಹೊಳೆನರಸೀಪುರದ ಷಡ್ಡಕರಿಗೆ ಮುಟ್ಟಿತು. ‘ಏನ್ ಮೇಷ್ಟ್ರೇ, ನಮ್ಮ ಹೊಳೆದಂಡೆ ನರಸಿಂಹಸ್ವಾಮಿ ಕಣ್ಣಿಗೆ ಕಾಣ್ಲಿಲ್ವಾ? ಹೋಗ್ಲಿ, ಹಾಸನದ ದಾರೀಲೇ ಮೊಸಳೆ ಇದೆ. ಶಿವನದೊಂದು ಗುಡಿ, ವಿಷ್ಣುವಿನದೊಂದು ಗುಡಿ, ಅಣ್ಣತಮ್ಮಂದಿರ ಮನೆ ಇದ್ದಂಗೆ ಪಕ್ಕಪಕ್ಕ. ಅದನ್ನ ಬಿಟ್ಟು ಹೋಯ್ತೀರಾ?’ ಮೊಸಳೆ ಎಂಬ ಮಾತು ಕಿವಿಗೆ ಬಿದ್ದದ್ದೇ ಪೋಲೆಂಡಿನ ಮಗು ಕುಣಿದಾಡಿತು. ಮೊಸಳೆ ಪ್ಲಾನಿಗೆ ಸೇರಿತು.

ಅರಕಲಗೂಡಿನಿಂದ ಅಕ್ಕನ ಫೋನು. ‘ಲೋ, ಹುಡುಗ ಅಷ್ಟು ದೂರದಿಂದ ಬಂದವ್ನೆ. ರಾಮನಾಥಪುರದಲ್ಲಿ ರಾಮೇಶ್ವರನಿಗೆ ಕೈಮುಗಿಸ್ದೆ, ವಹ್ನಿಪುಷ್ಕರಿಣಿ ಮೀನಿಗೆ ಪುರಿ ಹಾಕಿಸ್ದೆ ಕಳುಸ್ತೀಯಾ? ಊಟ ನಮ್ಮನೇಲೇ.’ ರಾಮನಾಥಪುರ ಕಾವೇರಿ ದಡದಲ್ಲಿ ತೆಂಕಲ ಕಡೆಗೆ, ಬೇಲೂರು ಯಗಚಿ ದಡದಲ್ಲಿ ಬಡಗಲ ಕಡೆಗೆ. ಅಕ್ಕನ ಮುಂದೆ ನಕ್ಷೆ ಬಿಚ್ಚಿ ಗೆದ್ದವರಿಲ್ಲ. ರಾಮನಾಥಪುರವೂ ಸೇರಿತು.

ಹಾಸನದ ಅಳಿಯಂದಿರು ತೀರ ವಿನಯದಿಂದ, ‘ಮಾವ, ಬೇಲೂರು ರಸ್ತೇಲೇ ದೊಡ್ಡಗದ್ದವಳ್ಳಿ ಬರುತ್ತಲ್ಲ…’ ಎಂದರು. ಲಕ್ಷ್ಮೀದೇವಿಯ ಗುಡಿ, ನಾಲ್ಕು ಗರ್ಭಗುಡಿ, ಬೇಲೂರು ಗುಡಿಗಿಂತ ಮೂರು ನಾಲ್ಕು ವರ್ಷ ಹಿರಿಯದು. ಕಟ್ಟಿಸಿದ್ದು ರಾಜನಲ್ಲ, ಕುಲ್ಲಹಣ ರಾಹುತನೆಂಬ ವ್ಯಾಪಾರಿ ಮತ್ತು ಅವನ ಹೆಂಡತಿ ಸಹಜಾದೇವಿ. ಮೇಷ್ಟ್ರು ಇದನ್ನು ವಿವರಿಸುತ್ತಿದ್ದಾಗ ಒಳಗಿನಿಂದ ಅವರ ಮನೆಯವರ ದನಿ: ‘ಗಂಡ ಹೆಂಡ್ತಿ ಸೇರಿ ದೇವಸ್ಥಾನಾನೇ ಕಟ್ಟಿಸಿದ್ರಂತೆ. ನಮ್ಮನೇಲಿ ಹಿತ್ತಲ ಕಾಂಪೌಂಡು ಇನ್ನೂ ಅರ್ಧಕ್ಕೇ ನಿಂತಿದೆ, ಅದಕ್ಕೂ ಒಂದು ತುತ್ತೂರಿ ಊದಿಸಿ!’

ಇನ್ನು ಸ್ವಂತ ತಾಲ್ಲೂಕಿನ ಮಾನ ಇರಬೇಕಲ್ಲ! 981ರಲ್ಲಿ ಚಾವುಂಡರಾಯ ಮಾಡಿಸಿದ 58 ಅಡಿಯ ಗೊಮ್ಮಟೇಶ್ವರ ಇರುವ ಶ್ರವಣಬೆಳಗೊಳ, 1246ರ ನುಗ್ಗೇಹಳ್ಳಿ ಲಕ್ಷ್ಮೀನರಸಿಂಹ, ಇವೆರಡನ್ನೂ ಮೇಷ್ಟ್ರು ತಾವಾಗಿಯೇ ಬರೆದುಕೊಂಡರು. ಆಮೇಲೆ ಬೇಲೂರು ತಾಲ್ಲೂಕಿನ ಹಲ್ಮಿಡಿ. ಸುಮಾರು 450ನೇ ಇಸವಿಯದೆಂದು ಹೇಳುವ ಕನ್ನಡ ಶಾಸನ ಸಿಕ್ಕಿದ ಊರು.

‘ಆ ಕಲ್ಲು ಈಗ ಅಲ್ಲಿದೆಯಾ ದೊಡ್ಡಪ್ಪ?’

‘ಮೂಲ ಕಲ್ಲು ಮೈಸೂರಲ್ಲಿದೆ. ಊರಲ್ಲಿರೋದು ಪ್ರತಿಕೃತಿ.’

‘ಮತ್ತೆ ಅಲ್ಲಿಗ್ಯಾಕೆ?’

‘ಕಲ್ಲು ಎಲ್ಲಿತ್ತು ಅಂತ ನೋಡೋಕೆ!’

ಹೀಗೆ ಎರಡು ಊರಿನ ಪ್ರವಾಸ ನಾಲ್ಕು ದಿಕ್ಕಿಗೂ ಹಬ್ಬಿತು. ಹಸಿರು ಪೆನ್ನಿನ ಇಂಕು ಮುಗಿಯಿತು. ಕೊನೆಗೆ ಈ ಪ್ಲಾನಿಗೆ ಕತ್ತರಿ ಹಾಕಿದ್ದು ಇತಿಹಾಸವಲ್ಲ, ಟಿಟಿ ಡ್ರೈವರು. ಹಾಳೆಯನ್ನು ಉಲ್ಟಾ ಹಿಡಿದು ನೋಡಿ, ನೆಟ್ಟಗೆ ಹಿಡಿದು ನೋಡಿ, ‘ಸಾ, ಇಷ್ಟೂ ನೋಡ್ಬೇಕು ಅಂದ್ರೆ ಹೊಯ್ಸಳರ ಕಾಲ್ದಲ್ಲೇ ಹೊರಡ್ಬೇಕಾಗಿತ್ತು. ಈಗ ಹೊರಟ್ರೆ ಬೇಲೂರು, ಹಳೇಬೀಡು ಎರಡಾಯ್ತದೆ, ಅಷ್ಟೇ’ ಅಂದ. ಅಷ್ಟೂ ಜನ ನೆಂಟರಿಗೆ ಹೇಳಲು ಧೈರ್ಯವಿಲ್ಲದ್ದನ್ನು ಡ್ರೈವರೊಬ್ಬ ಹೇಳಿದ್ದಕ್ಕೆ ಮನೆಯವರೆಲ್ಲ ಮನಸ್ಸಿನಲ್ಲೇ ಕೈಮುಗಿದರು.

ಹೊರಟಿದ್ದು ಶುಕ್ರವಾರ. ಪುಳಿಯೋಗರೆ, ಮೊಸರನ್ನ, ಕೋಡುಬಳೆ ಡಬ್ಬಿ ಎಲ್ಲ ಟಿಟಿ ಹತ್ತಿದವು. ಬೇಲೂರಿನಲ್ಲಿ ಮೇಷ್ಟ್ರ ಲೆಕ್ಕ ಹೀಗಿತ್ತು: ಮದನಿಕೆಯರು 42, ಒಬ್ಬೊಬ್ಬಳಿಗೆ 3 ನಿಮಿಷ, ಒಟ್ಟು 126 ನಿಮಿಷ. ಕೆಳಗಿನ ಸಾಲಿನಲ್ಲಿ 650ರಷ್ಟು ಆನೆಗಳಿವೆಯಂತೆ, ಒಂದರ ಹಾಗೆ ಇನ್ನೊಂದಿಲ್ಲವಂತೆ. ಆನೆಗೆ ನಿಮಿಷ ಹಂಚುವ ಹೊತ್ತಿಗೆ ಮೇಷ್ಟ್ರಿಗೇ ಗಾಬರಿಯಾಗಿ ‘ಆನೆಗಳು: ಒಟ್ಟಾಗಿ 20 ನಿಮಿಷ’ ಎಂದು ಬರೆದಿದ್ದರು. ದರ್ಪಣ ಸುಂದರಿಯ ಮುಂದೆ 3 ನಿಮಿಷ ದಾಟಿತು. ಮೇಷ್ಟ್ರು ವಾಚು ತೋರಿಸಿದರು. ಕನ್ನಡಿ ನೋಡಿಕೊಳ್ಳುವವಳಿಗೂ ಅವಸರವಿಲ್ಲ, ಅವಳನ್ನು ನೋಡುವ ನಮ್ಮ ಹೆಂಗಸರಿಗೂ ಅವಸರವಿಲ್ಲ. ‘ಈ ಸೊಂಟದ ಡಾಬು ನೋಡೇ, ಈ ಡಿಸೈನು ಈಗ ಮಾಡೋರೇ ಇಲ್ಲ.’ ‘ತುರುಬು ನೋಡು, ಎಷ್ಟು ಥರ ಕಟ್ಟವ್ರೆ!’ ಮೇಷ್ಟ್ರು ಮೂವತ್ತು ವರ್ಷ ಪಾಠ ಮಾಡಿದರೂ ಡಾಬಿನ ವಿಷಯ ಅವರ ನೋಟ್ಸಿನಲ್ಲಿರಲಿಲ್ಲ. ಮೆಲ್ಲಗೆ ಪೆನ್ನು ತೆಗೆದು ಬರೆದುಕೊಂಡದ್ದನ್ನು ನಾನು ನೋಡಿದೆ.

ಅಷ್ಟರಲ್ಲಿ ಮಗು ಕೂಗಿತು, ‘ಹಲ್ಲಿ! ಹಲ್ಲಿ!’ ಒಬ್ಬ ಮದನಿಕೆಯ ತಲೆಯ ಮೇಲಿನ ಎಲೆಹಣ್ಣುಗಳ ನಡುವೆ, ಹಣ್ಣಿನ ಮೇಲೆ ಕೂತ ನೊಣವನ್ನು ಹಿಡಿಯಲು ಹೊಂಚುಹಾಕಿದ ಹಲ್ಲಿ. ಒಂಬೈನೂರು ವರ್ಷದಿಂದ ಹಲ್ಲಿಗೆ ನೊಣ ಸಿಕ್ಕಿಲ್ಲ. ಮೊಸಳೆ ತಪ್ಪಿಸಿಕೊಂಡ ಮಗುವಿಗೆ ಹಲ್ಲಿಯಾದರೂ ಸಿಕ್ಕಿತಲ್ಲ ಎಂದು ನಮಗೆ ನೆಮ್ಮದಿ. ಮೇಷ್ಟ್ರಿಗೆ ಮಾತ್ರ ಸ್ವಲ್ಪ ಮುಜುಗರ. 1117ರಲ್ಲಿ ವಿಷ್ಣುವರ್ಧನ ಪ್ರತಿಷ್ಠೆ ಮಾಡಿಸಿದ್ದು, ಪಕ್ಕದ ಕಪ್ಪೆ ಚೆನ್ನಿಗರಾಯನ ಗುಡಿ ರಾಣಿ ಶಾಂತಲೆಯದು, ಬಳ್ಳಿಗಾವೆಯ ದಾಸೋಜ ಮತ್ತು ಅವನ ಮಗ ಚಾವಣ ಮದನಿಕೆಯರ ಕೆಳಗೆ ತಮ್ಮ ಹೆಸರು ಕೆತ್ತಿದ್ದು, ಇವೆಲ್ಲ ಪ್ಲಾನಿನಲ್ಲಿದ್ದವು. ಹಲ್ಲಿ ಇರಲಿಲ್ಲ.

ನಡುಹಗಲಿನಲ್ಲಿ ಬೇಲೂರಿನ ಅಂಗಳದ ಕಲ್ಲು ಕಾದ ಹಂಚು. ಚಪ್ಪಲಿ ಬಿಟ್ಟ ಪಾದಗಳೆಲ್ಲ ನೆರಳಿನಿಂದ ನೆರಳಿಗೆ ನೆಗೆಯುತ್ತಿದ್ದಾಗ, ಮೇಷ್ಟ್ರು ಬ್ಯಾಗಿನಿಂದ ಎಲ್ಲರಿಗೂ ಒಂದೊಂದು ಜೊತೆ ಹಳೇ ಕಾಲುಚೀಲ ತೆಗೆದು ಕೊಟ್ಟರು. ಅಲ್ಲಿಯತನಕ ನಗುತ್ತಿದ್ದವರೆಲ್ಲ ಆ ಕ್ಷಣದಿಂದ ಅವರ ಶಿಷ್ಯರಾದರು.

ಹಳೇಬೀಡು ಮುಟ್ಟಿದಾಗ ಮ್ಯೂಸಿಯಮ್ಮಿಗೆ ಬೀಗ. ಶುಕ್ರವಾರ ರಜೆ. 1311 ನೆನಪಿದ್ದವರಿಗೆ ಶುಕ್ರವಾರ ನೆನಪಿರಲಿಲ್ಲ! ಯಾರೂ ಮಾತಾಡಲಿಲ್ಲ. ಮೇಷ್ಟ್ರ ಮನೆಯವರು ಮಾತ್ರ ಕೋಡುಬಳೆ ಡಬ್ಬಿ ಮುಂದೆ ಹಿಡಿದು, ‘ತಗೊಳ್ಳಿ’ ಎಂದರು. ಇನ್ನು ಹೊಯ್ಸಳೇಶ್ವರನ ಗುಡಿ. ಜೋಡಿ ಗುಡಿ, ಜೋಡಿ ನಂದಿ. ಹೊರಗೋಡೆಯ ಮೇಲೆ ರಾಮಾಯಣ, ಮಹಾಭಾರತ, ಭಾಗವತ ಸಾಲುಸಾಲಾಗಿ ನಡೆದಿವೆ. ಅಲ್ಲೇ ಇರುವ ಕುವರ ಲಕ್ಷ್ಮನ ಕಂಬದ ಮುಂದೆ ಮೇಷ್ಟ್ರು ನಿಂತರು. ಇಮ್ಮಡಿ ಬಲ್ಲಾಳ ತೀರಿಕೊಂಡಾಗ ಅವನಿಗೆ ಮಾತುಕೊಟ್ಟಿದ್ದ ಈ ದಂಡನಾಯಕ ಹೆಂಡತಿ, ಸಂಗಡಿಗರ ಸಮೇತ ಪ್ರಾಣ ಕೊಟ್ಟ ಕತೆ ಹೇಳಿದರು. ವಾಚು ನೋಡಲಿಲ್ಲ. ಹಾಳೆ ತೆಗೆಯಲಿಲ್ಲ. ಪಕ್ಕದಲ್ಲಿ ಸೆಲ್ಫಿ ತೆಗೆಯುತ್ತಿದ್ದ ಬೆಂಗಳೂರಿನ ಹುಡುಗರೂ ಫೋನು ಕೆಳಗಿಳಿಸಿ ಕೇಳಿದರು. ‘ಸರ್, ನೀವು ಗೈಡಾ? ಎಷ್ಟು ಕೊಡ್ಬೇಕು?’ ಎಂದು ಒಬ್ಬ ಕೇಳಿದ. ‘ಅಲ್ಲೇ ಮುಂದೆ ಜೈನ ಬಸದಿಗಳಿವೆ, ಯಾರೂ ಹೋಗಲ್ಲ. ನೀವು ಹೋಗಿ. ಕಂಬ ಕನ್ನಡಿ ಥರ ಹೊಳೀತವೆ. ಅದೇ ನನ್ನ ಫೀಸು’ ಅಂದರು.

ಈ ಮೇಷ್ಟ್ರ ಮೇಲೆ ಎಷ್ಟು ಬೇಕಾದರೂ ನಗಬಹುದು, ನಾನೇ ಇಷ್ಟು ಹೊತ್ತು ನಕ್ಕಿದ್ದೇನೆ. ಆದರೆ ಇವರಿಲ್ಲದ ಪ್ರವಾಸ ಹೇಗಿರುತ್ತದೆಂದು ಶನಿವಾರ ಬೇಲೂರಿಗೆ ಹೋದವರಿಗೆ ಗೊತ್ತು. ಚಿಕ್ಕಮಗಳೂರಿನ ಹೋಂಸ್ಟೇಗೆ ಹೊರಟ ಕಾರುಗಳು ನಿಲ್ಲುತ್ತವೆ, ಒಂದು ಸುತ್ತು, ನಾಲ್ಕು ಫೋಟೊ, ಒಂದು ಎಳನೀರು. ಹಳೇಬೀಡು ‘ಟೈಮಿಲ್ಲ’ ಎಂದು ತಪ್ಪಿಹೋಗುತ್ತದೆ. 2023ರ ಸೆಪ್ಟೆಂಬರಿನಲ್ಲಿ ಬೇಲೂರು, ಹಳೇಬೀಡು, ಸೋಮನಾಥಪುರದ ಗುಡಿಗಳು ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿ ಸೇರಿದಾಗ ಮನೆಮನೆಗೆ ಹೋಗಿ ಮೈಸೂರುಪಾಕು ಹಂಚಿದವರು ನಮ್ಮ ಪಟ್ಟಣದಲ್ಲಿ ಈ ಮೇಷ್ಟ್ರೊಬ್ಬರೇ. ಇಡೀ ಜಿಲ್ಲೆ ತಮ್ಮ ಮನೆಯ ಹಿತ್ತಲು ಎಂದುಕೊಂಡವರಿಗಲ್ಲದೆ ಬೇರೆಯವರಿಗೆ ಆ ಸಂಭ್ರಮ ಬಾರದು.

ಆದ್ದರಿಂದ ಹಾಸನದ ಕಡೆ ಬರುವವರಿಗೆ ನನ್ನದೊಂದು ಮಾತು. ಬೇಲೂರಿಗೊಂದು ದಿನ ಇಡಿ, ಹಳೇಬೀಡಿಗೊಂದು ದಿನ ಇಡಿ. ಶುಕ್ರವಾರ ಬೇಡ. ಕಾಲುಚೀಲ ಮರೆಯಬೇಡಿ. ನಿಮ್ಮ ನೆಂಟರಲ್ಲಿ ಇಂಥ ಮೇಷ್ಟ್ರೊಬ್ಬರು ಇದ್ದೇ ಇರುತ್ತಾರೆ, ಅವರನ್ನು ಕಿಟಕಿ ಪಕ್ಕದ ಸೀಟಿನಲ್ಲಿ ಕೂರಿಸಿಕೊಂಡು ಹೋಗಿ. ಪ್ಲಾನಿನ ಹಾಳೆಯನ್ನು ಮಾತ್ರ ಹೊರಡುವ ಮೊದಲೇ ಡ್ರೈವರ ಕೈಗೆ ಕೊಟ್ಟುಬಿಡಿ.