ಇತ್ತು ಮೀಮಾಂಸೆ: ಒಂದೇ ದಿನದ ಹಂಪಿಗೊಂದು ಭಾಷ್ಯ

ಶಾಸ್ತ್ರಗ್ರಂಥ ಎಂದಮೇಲೆ ವಿಷಯ, ಪ್ರಯೋಜನ, ಸಂಬಂಧ, ಅಧಿಕಾರಿ ಎಂಬ ನಾಲ್ಕು ಅನುಬಂಧಗಳನ್ನು ಮೊದಲಿಗೇ ಹೇಳಿಬಿಡುವುದು ಹಿರಿಯರ ಪದ್ಧತಿ. ಪ್ರಸ್ತುತ ಗ್ರಂಥದ ವಿಷಯ: ಬೆಳಿಗ್ಗೆ 9ಕ್ಕೆ ಹೊಸಪೇಟೆಯಲ್ಲಿ ಬಸ್ಸು ಹತ್ತಿ, ಸುಮಾರು 13 ಕಿಲೋಮೀಟರ್ ಆಚೆಯ ಹಂಪಿಯನ್ನು ಗೈಡಿನ ಬೆನ್ನ ಹಿಂದೆ ಸುತ್ತಿ, ಸಂಜೆ 6ಕ್ಕೆ ಮರಳುವ ಕ್ರಿಯೆ. ಪ್ರಯೋಜನ: ‘ಹಂಪಿ ನೋಡಿದ್ದೀರಾ?’ ಎಂದು ಯಾರಾದರೂ ಕೇಳಿದರೆ ‘ಓ, ಅದು ಆಗಿದೆ’ ಎನ್ನುವ ಯೋಗ್ಯತೆ. ಸಂಬಂಧ: ಕಿಟಕಿ ಸೀಟಿಗೆ ಟವೆಲ್ ಹಾಕಿದವರಿಗೂ ಹಾಕದವರಿಗೂ ನಡುವೆ ಇಡೀ ದಿನ ಇರುವಂಥದ್ದು. ಇನ್ನು ಅಧಿಕಾರಿ, ಅಂದರೆ ಈ ವಿದ್ಯೆಗೆ ಅರ್ಹನಾದವನು: ಟೋಪಿ, ನೀರಿನ ಬಾಟಲಿ ಮತ್ತು ಸವೆಯದ ಮೊಣಕಾಲು ಉಳ್ಳವನು.

ವೇದಗಳಿಗೇ ಭಾಷ್ಯ ಬರೆಸಿದ ವಿಜಯನಗರ ರಾಜ್ಯದ ರಾಜಧಾನಿ ಇದು. ಬುಕ್ಕರಾಯನ ಆಶ್ರಯದಲ್ಲಿ ಸಾಯಣಾಚಾರ್ಯರು ಆ ಕೆಲಸ ಮಾಡಿದರು. ಅದೇ ಊರಿನ ಗೈಡುಗಳ ವಾಕ್ಯಗಳಿಗೆ ಈವರೆಗೆ ಒಂದು ಟಿಪ್ಪಣಿಯೂ ಹುಟ್ಟದಿರುವುದು ವಿದ್ವತ್ ಲೋಕಕ್ಕೆ ಶೋಭೆಯಲ್ಲ.

ಮೊದಲು ಪೂರ್ವಪಕ್ಷ. ಒಂದು ದಿನದಲ್ಲಿ ಹಂಪಿ ನೋಡಲಾಗದು ಎಂಬ ವಾದಿಗಳ ಬಳಿ ಅಂಕಿಗಳಿವೆ. 1986ರಲ್ಲಿ ಯುನೆಸ್ಕೊದ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದ ಈ ತಾಣದ ವಿಸ್ತೀರ್ಣ 4,187 ಹೆಕ್ಟೇರ್. ಉಳಿದಿರುವ ಅವಶೇಷಗಳೇ 1,600ಕ್ಕೂ ಹೆಚ್ಚು. 9 ಗಂಟೆಯನ್ನು ಅಷ್ಟರಿಂದ ಭಾಗಿಸಿದರೆ ಒಂದೊಂದಕ್ಕೆ 20 ಸೆಕೆಂಡು ಬರುತ್ತದೆ, ಅದೂ ಊಟ ಬಿಟ್ಟು, ಒಂದರಿಂದ ಇನ್ನೊಂದಕ್ಕೆ ಹಾರಿಕೊಂಡೇ ಹೋದರೆ. ಹನುಮಂತನ ನಾಡಿನಲ್ಲಿ ಅದು ಪೂರಾ ಅಸಾಧ್ಯವೇನಲ್ಲ. ಆದರೆ ಬಸ್ಸಿನಲ್ಲಿ ಬಂದವರು ಮನುಷ್ಯರು. ಇದಕ್ಕೆ ಗೈಡಿನ ಸಿದ್ಧಾಂತ ಒಂದೇ ವಾಕ್ಯದ್ದು: “ಮುಖ್ಯ ಅನ್ನೋವು ಹದಿನೈದೇ ರೀ ಸರ್, ಉಳಿದದ್ದೆಲ್ಲ ಕಲ್ಲು.”

ಈ ಶಾಸ್ತ್ರದ ವ್ಯಾಕರಣ ಸರಳ. ಧಾತು ಒಂದೇ, ‘ಇರು’. ಕಾಲ ಒಂದೇ, ಭೂತ. “ಇಲ್ಲಿ ಅರಮನಿ ಇತ್ರಿ. ಅಲ್ಲಿ ಟಂಕಸಾಲಿ ಇತ್ತು. ಈ ಕಡಿ ಬಜಾರ್ ಇತ್ತು, ಮುತ್ತು ರತ್ನ ಸೇರಿನಾಗ ಅಳದು ಮಾರ್ತಿದ್ರು.” ಕೈ ತೋರಿದತ್ತ ನಲವತ್ತು ತಲೆಗಳು ಒಟ್ಟಿಗೆ ತಿರುಗುತ್ತವೆ. ಅಲ್ಲಿರುವುದು ಒಂದು ಕಲ್ಲಿನ ಜಗುಲಿ, ಎರಡು ಮೇಕೆ, ಒಂದು ಜಾಲಿಗಿಡ. ಆದರೂ ತಲೆಗಳು ಹೌದೌದೆಂದು ಆಡುತ್ತವೆ. ಇಲ್ಲದ್ದನ್ನು ತಿಳಿಯುವುದಕ್ಕೆಂದೇ ಭಾಟ್ಟ ಮೀಮಾಂಸಕರು ಅನುಪಲಬ್ಧಿ ಎಂಬ ಬೇರೆ ಪ್ರಮಾಣವನ್ನು ಒಪ್ಪಿದ್ದರು. ಇಲ್ಲದ್ದಕ್ಕೆ ಟಿಕೆಟ್ ತೆಗೆದು, ಸಾಲಿನಲ್ಲಿ ನಿಂತು, ನೋಡಿ ಬರುವ ಕ್ರಮ ಮಾತ್ರ ಈಚಿನವರ ಸಂಶೋಧನೆ.

ಮುತ್ತು ರತ್ನದ ವಾಕ್ಯವನ್ನು ಸ್ವಲ್ಪ ಬಿಡಿಸಿ ನೋಡಬೇಕು. ಬಜಾರಿನಲ್ಲಿ ಮುತ್ತು, ಮಾಣಿಕ್ಯ, ವಜ್ರಗಳನ್ನು ಬಹಿರಂಗವಾಗಿ ಮಾರುತ್ತಿದ್ದರೆಂದು ಬರೆದವನು 1443ರಲ್ಲಿ ಬಂದ ಅಬ್ದುಲ್ ರಜಾಕ್, ಹೆರಾತಿನ ಶಾರುಖನ ರಾಯಭಾರಿ. (ಈ ಹೆಸರಿಗೆ ಹಿಂದಿನ ಸೀಟಿನವರು ಎಚ್ಚರಗೊಂಡು, ಆ ಶಾರುಖ್ ಅಲ್ಲವೆಂದು ತಿಳಿದು ಮತ್ತೆ ಮಲಗುತ್ತಾರೆ.) ಸೇರು ಎಲ್ಲಿ ಸೇರಿತೋ, ಪ್ರೈಮರಿ ಶಾಲೆಯಿಂದ ಈಚೆಗಂತೂ ಬಿಟ್ಟಿಲ್ಲ. 1520ರ ಸುಮಾರಿಗೆ ಬಂದ ಪೋರ್ಚುಗೀಸ್ ಡೊಮಿಂಗೊ ಪಯಸ್ ಒಂದು ಗುಡ್ಡ ಹತ್ತಿ, ಊರು ರೋಮಿನಷ್ಟು ದೊಡ್ಡದಾಗಿ ಕಂಡಿತೆಂದು ಬರೆದಿಟ್ಟ. ಅವನನ್ನು ಆ ಗುಡ್ಡಕ್ಕೆ ಹತ್ತಿಸಿದವರು ಯಾರು? ಯಾರೋ ಒಬ್ಬ ಗೈಡೇ ಇರಬೇಕು. ಅಂದಿನ ಗೈಡು ಹೇಳಿದ್ದನ್ನು ಅಂದಿನ ಪ್ರವಾಸಿ ಬರೆದ. ಅದನ್ನು 1900ರಲ್ಲಿ ರಾಬರ್ಟ್ ಸಿವೆಲ್ ಇಂಗ್ಲಿಷಿನಲ್ಲಿ ಪುಸ್ತಕಕ್ಕೆ ಸೇರಿಸಿದ. ಪುಸ್ತಕದ್ದು ಪಠ್ಯಕ್ಕೆ ಬಂತು. ಪಠ್ಯದ್ದನ್ನು ಇಂದಿನ ಗೈಡು ಇಂದಿನ ಪ್ರವಾಸಿಗೆ ಹೇಳುತ್ತಾನೆ. ತರ್ಕಶಾಸ್ತ್ರದಲ್ಲಿ ಇದು ಚಕ್ರಕ ದೋಷ. ಹಂಪಿಯಲ್ಲಿ ಇದಕ್ಕೆ ಅರ್ಧ ದಿನದ ರೇಟು ಬೇರೆ, ಪೂರ್ತಿ ದಿನದ ರೇಟು ಬೇರೆ.

ಸೇರಿನ ಮಾತು ಬಂದದ್ದರಿಂದ ಮಾನ-ಪರಿಮಾಣ ವಿಚಾರ. ಸಾಸಿವೆಕಾಳು ಗಣೇಶನ ಎತ್ತರ ಸುಮಾರು 2.4 ಮೀಟರ್, ಕಡಲೆಕಾಳು ಗಣೇಶನದು 4.5. ಆದ್ದರಿಂದ ವಿಜಯನಗರದಲ್ಲಿ ಒಂದು ಕಡಲೆಗೆ 1.875 ಸಾಸಿವೆ. ಬಡವಿಲಿಂಗ 3 ಮೀಟರ್ ಇದೆ. ಅಂದರೆ ಆ ಕಾಲದ ಬಡತನ ಒಂದೂಕಾಲು ಸಾಸಿವೆ. ಸಾಸಿವೆ ಗಣಪನನ್ನು 1506ರಲ್ಲಿ ಮಾಡಿಸಿದವನು ಚಂದ್ರಗಿರಿಯ ಒಬ್ಬ ವರ್ತಕ ಎಂದು ಶಾಸನ ಹೇಳುತ್ತದೆ. ಅವನ ಅಂಗಡಿಯ ಸಾಸಿವೆಯೂ ಇದೇ ಗಾತ್ರದ್ದಾಗಿತ್ತೇ ಎಂಬ ಬಗ್ಗೆ ಶಾಸನ ಮೌನವಾಗಿದೆ.

ಈಗ ಗ್ರಂಥದ ಹೃದಯಭಾಗ, ಅಭಾವ ಪ್ರಕರಣ. ತಾರ್ಕಿಕರು ‘ಇಲ್ಲ’ ಎಂಬುದನ್ನು ನಾಲ್ಕು ಬಗೆ ಮಾಡಿದ್ದಾರೆ. ಎಂದೆಂದಿಗೂ ಇಲ್ಲದಿರುವುದು ಅತ್ಯಂತಾಭಾವ. ಉದಾಹರಣೆಗೆ, ಮೇ ತಿಂಗಳ ಮಧ್ಯಾಹ್ನ ರಾಜಾವರಣದಲ್ಲಿ ನೆರಳು. ಹುಟ್ಟುವ ಮೊದಲಿನ ಇಲ್ಲದಿರುವಿಕೆ ಪ್ರಾಗಭಾವ. ಮಹಾನವಮಿ ದಿಬ್ಬದ ಬಳಿಯ ಮೆಟ್ಟಿಲು ಪುಷ್ಕರಣಿ 1980ರ ದಶಕದಲ್ಲಿ ಅಗೆಯುವಾಗ ಸಿಕ್ಕಿತು. ಅದಕ್ಕೂ ಹಿಂದೆ ಅದರ ಮೇಲೆಯೇ ಟೂರಿಸ್ಟರನ್ನು ನಡೆಸುತ್ತಿದ್ದ ಗೈಡುಗಳ ವಾಕ್ಯದಲ್ಲಿ ಅದು ಪ್ರಾಗಭಾವದಲ್ಲಿತ್ತು. ಅದರ ಕಲ್ಲುಗಳ ಮೇಲೆ ಯಾವುದು ಯಾವ ದಿಕ್ಕಿನದು, ಯಾವ ಸಾಲಿನದು ಎಂದು ಗುರುತು ಕೊರೆದಿದ್ದಾರೆ. ಎಲ್ಲೋ ತಯಾರು ಮಾಡಿ ಇಲ್ಲಿ ತಂದು ಜೋಡಿಸಿದ ಕೆಲಸ ಅದು. ಗೈಡು ಆ ಗುರುತು ತೋರಿಸುವಾಗ ಬಸ್ಸಿನ ಒಬ್ಬ ನಿವೃತ್ತ ಎಂಜಿನಿಯರ್ ಕನ್ನಡಕ ಏರಿಸಿ ಹತ್ತು ನಿಮಿಷ ಬಗ್ಗಿ ನೋಡುತ್ತಾರೆ. ಅವರ ಹೆಂಡತಿ ದೂರದಿಂದ ಛತ್ರಿ ಬೀಸುತ್ತಾರೆ.

ನಾಶವಾದ ಮೇಲಿನ ಇಲ್ಲದಿರುವಿಕೆ ಪ್ರಧ್ವಂಸಾಭಾವ. ಹಂಪಿಯ ಬಹುಪಾಲು ಸರಕು ಇದೇ. 1565ರ ರಕ್ಕಸತಂಗಡಿ ಕದನದ ನಂತರದ್ದು. ಆದರೆ ಈ ಪ್ರಕರಣದ ಕಠಿಣ ಸಮಸ್ಯೆ ಇರುವುದು ನರಸಿಂಹನ ಬಳಿ. 1528ರಲ್ಲಿ ಕೃಷ್ಣದೇವರಾಯ ಮಾಡಿಸಿದ 6.7 ಮೀಟರಿನ ಈ ಏಕಶಿಲಾ ಮೂರ್ತಿ ಲಕ್ಷ್ಮೀನರಸಿಂಹ. ತೊಡೆಯ ಮೇಲೆ ಲಕ್ಷ್ಮಿ ಕೂತಿದ್ದಳು. ಮೂರ್ತಿ ಭಗ್ನವಾದಾಗ ಆಕೆ ಹೋದಳು. ಆಮೇಲೆ ಜನ ಅವನನ್ನು ಉಗ್ರನರಸಿಂಹ ಎಂದು ಕರೆದರು. ಹೆಂಡತಿ ಹೋದಮೇಲೆ ಗಂಡ ಉಗ್ರನಾದನೆಂದು ಗೈಡು ವ್ಯಾಖ್ಯಾನಿಸುತ್ತಾನೆ, ಗಂಡಸರು ನಗುತ್ತಾರೆ. ನಗು ನಿಂತಮೇಲೆ ಅವನು ಎಲ್ಲರನ್ನೂ ಪಕ್ಕಕ್ಕೆ ಸರಿಸಿ, ಮೂರ್ತಿಯ ಬೆನ್ನು ತೋರಿಸುತ್ತಾನೆ. ಕತ್ತು ಕೊಂಕಿಸಿ ನೋಡಬೇಕು. ಅಲ್ಲಿ ಒಂದು ಪುಟ್ಟ ಕೈ. ತೋಳಿಲ್ಲ, ಮೈಯಿಲ್ಲ, ಮುಖವಿಲ್ಲ. ಗಂಡನ ಬೆನ್ನು ಬಳಸಿದ ಅಂಗೈ ಮಾತ್ರ ಹಾಗೆಯೇ ಅಂಟಿಕೊಂಡಿದೆ. “ಲಕ್ಷ್ಮಿ ಇಲ್ರಿ. ಕೈ ಐತ್ರಿ.”

ಬೆಳಗಿನಿಂದ ಭೂತಕಾಲವನ್ನೇ ಆಡುತ್ತಿದ್ದ ಬಾಯಲ್ಲಿ ಮೊದಲ ಸಲ ವರ್ತಮಾನ ಬಂತು. ಭಾಷ್ಯಕಾರರು ಇಲ್ಲಿ ಲೇಖನಿ ಕೆಳಗಿಟ್ಟು, ಒಂದು ಸುಗಂಧಿ ಬಾಳೆಹಣ್ಣು ತಿಂದು ಮುಂದುವರಿದರು.

ನಾಲ್ಕನೆಯದು ಅನ್ಯೋನ್ಯಾಭಾವ: ಒಂದು ವಸ್ತು ಇನ್ನೊಂದಲ್ಲ ಎಂಬುದು. ಗಡಿಗೆ ಬಟ್ಟೆಯಲ್ಲ, ರಾಣಿಯ ಸ್ನಾನಗೃಹ ರಾಣಿಯದಲ್ಲ. ಇಲ್ಲಿನ ಕಟ್ಟಡಗಳ ಹೆಸರುಗಳಲ್ಲಿ ಅನೇಕವು ಈಚಿನವರು ಊಹೆಯಿಂದ ಇಟ್ಟವು. ಕಮಲಮಹಲಿರುವ ಆವರಣವನ್ನು ಅಂತಃಪುರವೆಂದರು. ಅದರ ಬೆನ್ನಿಗೇ 11 ಕೋಣೆಗಳ ಆನೆಲಾಯ. ಅಷ್ಟು ಆನೆಗಳ ಘೀಳು, ಲದ್ದಿ, ಮಾವುತರ ಬೈಗುಳದ ಪಕ್ಕದಲ್ಲಿ ರಾಣಿಯರನ್ನು ಇಡುತ್ತಿದ್ದರೇ ಎಂದು ವಿದ್ವಾಂಸರು ಸಂಶಯಪಟ್ಟಿದ್ದಾರೆ. ಬಸ್ಸಿನ ಮೂರನೇ ಸಾಲಿನ ಮಹಿಳೆಯೊಬ್ಬರಿಗೆ ಸಂಶಯವಿಲ್ಲ: “ಗೊರಕೆ ಪಕ್ಕ ಮಲಗೋರಿಗೆ ಆನೆ ಏನ್ ಮಹಾ ಬಿಡಿ.” ಹಜಾರರಾಮ ದೇವಾಲಯದಲ್ಲಿ ಗೈಡು ಗೋಡೆಯ ಮೂರು ಸಾಲು ಶಿಲ್ಪ ತೋರಿಸಿ ನಾಲ್ಕು ನಿಮಿಷದಲ್ಲಿ ರಾಮಾಯಣ ಮುಗಿಸುತ್ತಾನೆ. ಹಜಾರ ಎಂದರೆ ಹಿಂದಿಯಲ್ಲಿ ಸಾವಿರ, ಆದ್ದರಿಂದ ಸಾವಿರ ರಾಮರು ಎಂದು ಅರ್ಥ ಹೇಳುತ್ತಾನೆ. ಕೆಲವು ವಿದ್ವಾಂಸರು ಇದನ್ನು ಅರಮನೆಯ ಮೊಗಸಾಲೆ ಎಂಬರ್ಥದ ತೆಲುಗು ಮಾತಿಗೆ ಜೋಡಿಸುತ್ತಾರೆ. ಕೇಳುತ್ತ ನಿಂತವರಲ್ಲಿ ಅರ್ಧ ಜನ ತಮ್ಮ ಮನೆಯ ಹಜಾರಕ್ಕೆ ಬೀಗ ಹಾಕಿ ಬಂದವರು. ಆದರೂ ಸಾವಿರವೇ ಎಲ್ಲರಿಗೂ ಇಷ್ಟ.

ಮುಂದಿನ ಪ್ರಮಾಣ ಅರ್ಥಾಪತ್ತಿ, ಕಂಡದ್ದು ಹೊಂದಬೇಕಾದರೆ ಕಾಣದ್ದನ್ನು ಊಹಿಸುವುದು. ಅದಕ್ಕೆ ಹಳೆಯ ದೃಷ್ಟಾಂತ, ಹಗಲು ಉಣ್ಣದೆಯೂ ದಪ್ಪಗಿರುವ ದೇವದತ್ತನದು. ಅವನು ರಾತ್ರಿ ಉಣ್ಣುತ್ತಿರಬೇಕು. ಹೊಸ ದೃಷ್ಟಾಂತ: ಯಾವ ಗುಡಿಯ ಮುಂದೆಯೂ ಇಪ್ಪತ್ತು ನಿಮಿಷಕ್ಕೆ ಮೇಲೆ ನಿಲ್ಲದ ಬಸ್ಸು ಒಂದು ಕರಕುಶಲ ಅಂಗಡಿಯ ಮುಂದೆ ಮುಕ್ಕಾಲು ಗಂಟೆ ನಿಲ್ಲುತ್ತದೆ. ಉಳಿದದ್ದನ್ನು ಓದುಗರು ಊಹಿಸಿಕೊಳ್ಳಬೇಕು.

ವಿಠ್ಠಲ ದೇವಾಲಯದಲ್ಲಿ ಶಬ್ದಪ್ರಮಾಣಕ್ಕೆ ಸರ್ಕಾರಿ ನಿಷೇಧವಿದೆ. ಸಂಗೀತದ ಕಂಬಗಳು ಗೈಡುಗಳ ಲೆಕ್ಕದಲ್ಲಿ 56. ತಟ್ಟಿ ತಟ್ಟಿ ಸವೆದಾವೆಂದು ಪುರಾತತ್ವ ಇಲಾಖೆ ಮುಟ್ಟಲು ಬಿಡುವುದಿಲ್ಲ. ಆದ್ದರಿಂದ ಗೈಡು ಜೇಬಿನಿಂದ ಮೊಬೈಲ್ ತೆಗೆದು, ಹಿಂದೆಂದೋ ರೆಕಾರ್ಡ್ ಮಾಡಿಕೊಂಡ ಸರಿಗಮವನ್ನು ಕಂಬದ ಎದುರಿಗೆ ಹಿಡಿದು ಕೇಳಿಸುತ್ತಾನೆ. ಕಂಬವೂ ಕೇಳುತ್ತದೆ. ಪಕ್ಕದ ಕಲ್ಲಿನ ರಥ 2017ರ 50 ರೂಪಾಯಿ ನೋಟಿನ ಮೇಲೆ ಬಂದಾಗಿನಿಂದ, ಜನ ರಥ ನೋಡಿ ನೋಟು ನೋಡಿ ತಾಳೆ ಹಾಕುತ್ತಾರೆ. ರಥ ಅಸಲಿಯೇ ಎಂದು. ಪೂರ್ತಿ ಅಸಲಿಯಲ್ಲ. ಮುಂದಿರುವ ಎರಡು ಆನೆಗಳು ಆಮೇಲೆ ಬಂದವು. ಬಗ್ಗಿ ನೋಡಿದರೆ ಅವುಗಳ ಹಿಂದೆ ಕುದುರೆಯ ಕಾಲು, ಬಾಲ ಉಳಿದಿವೆ. ಮೇಲೆ ಇಟ್ಟಿಗೆಯ ಶಿಖರವೂ ಇತ್ತು. 1856ರಲ್ಲಿ ಅಲೆಕ್ಸಾಂಡರ್ ಗ್ರೀನ್‌ಲಾ ತೆಗೆದ ಫೋಟೋದಲ್ಲಿದೆ, ನೋಟಿನಲ್ಲಿಲ್ಲ.

ಗರ್ಭಗುಡಿಯಲ್ಲಿ ವಿಠ್ಠಲನಿಲ್ಲ. ಸಂತ ಏಕನಾಥರ ಮುತ್ತಾತ ಭಾನುದಾಸರು ಅವನನ್ನು ಪಂಢರಪುರಕ್ಕೆ ಮರಳಿ ಒಯ್ದರೆಂದು ಮರಾಠಿಗರ ಐತಿಹ್ಯ. ಇಲ್ಲಿಯೇ ಈ ಶಾಸ್ತ್ರದ ಮುಖ್ಯ ಅನುಮಾನ ಸಿದ್ಧವಾಗುವುದು. ಹೊಗೆಯಿಂದ ಬೆಂಕಿಯನ್ನು ಊಹಿಸುವಂತೆ, ಹಂಪಿಯಲ್ಲಿ ಚಪ್ಪಲಿಯಿಂದ ದೇವರನ್ನು ಊಹಿಸಬೇಕು. ಎಲ್ಲಿ ಬಾಗಿಲ ಮುಂದೆ ಚಪ್ಪಲಿ ರಾಶಿ ಬಿದ್ದಿದೆಯೋ ಅಲ್ಲಿ ದೇವರಿದ್ದಾನೆ, ವಿರೂಪಾಕ್ಷನಲ್ಲಿದ್ದಂತೆ. ಎಲ್ಲಿ ಜನ ಶೂ ಹಾಕಿಕೊಂಡೇ ಗರ್ಭಗುಡಿಗೆ ಇಣುಕುವರೋ ಅಲ್ಲಿಲ್ಲ, ವಿಠ್ಠಲನಲ್ಲಿದ್ದಂತೆ. ಈ ವ್ಯಾಪ್ತಿಗೆ ತುಮಕೂರಿನ ಕಡೆಯ ಒಬ್ಬ ಅಜ್ಜಿ ಮಾತ್ರ ಅಪವಾದ. ಅವರು ಬೆಳಗಿನಿಂದ ಪ್ರತಿ ಕಟ್ಟಡದ ಮುಂದೆಯೂ ಚಪ್ಪಲಿ ಬಿಡುತ್ತಿದ್ದರು, ಆನೆಲಾಯದ ಮುಂದೆಯೂ. “ಯಾವತ್ತೋ ಇದ್ದ ಜಾಗ ಅಲ್ವೇನಪ್ಪ” ಎಂಬುದು ಅವರ ಸಮರ್ಥನೆ. ಕಾದ ಕಲ್ಲಿನ ಮೇಲೆ ಹಿಮ್ಮಡಿ ಎತ್ತಿ ಎತ್ತಿ ನಡೆಯುತ್ತಿದ್ದರು.

ಸಂಜೆ ವಿರೂಪಾಕ್ಷ. ಸುಮಾರು 50 ಮೀಟರಿನ, ಒಂಬತ್ತು ನೆಲೆಗಳ ಗೋಪುರ. ಒಳಗೆ ಗಂಟೆ, ಗಂಧದ ಕಡ್ಡಿ, ಜನ. ಇಲ್ಲಿ ಗೈಡಿಗೆ ಕೆಲಸ ಕಡಿಮೆ, ಪೂಜಾರಿಗಳು ವರ್ತಮಾನಕಾಲದವರು. ಆದರೂ ಹಿಂಬದಿಯ ಕತ್ತಲೆ ಕೋಣೆಗೆ ಕರೆದೊಯ್ದು ಗೋಡೆ ತೋರಿಸುತ್ತಾನೆ. ಎದುರಿನ ಕಿಂಡಿಯಿಂದ ಬಂದ ಬೆಳಕಿನಲ್ಲಿ ಗೋಪುರ ತಲೆಕೆಳಗಾಗಿ ನಿಂತಿರುತ್ತದೆ. ಹೊರಗೆ ಕತ್ತು ನೋಯುವಷ್ಟು ಎತ್ತರದ್ದು ಇಲ್ಲಿ ಮೊಳದಷ್ಟು. ಹುಡುಗರು ಕೈ ಅಡ್ಡ ಹಿಡಿದು ಗೋಪುರವನ್ನು ಅಂಗೈ ಮೇಲೆ ಇಳಿಸಿಕೊಳ್ಳುತ್ತಾರೆ. ಎಂಜಿನಿಯರರು ಪಿನ್‌ಹೋಲ್ ಕ್ಯಾಮೆರಾ ವಿವರಿಸತೊಡಗಿದಾಗ ಕೋಣೆ ಖಾಲಿಯಾಗುತ್ತದೆ.

ಡ್ರೈವರ್ ಹಾರನ್ ಹೊಡೆದ. ತಲೆ ಎಣಿಸಿದರೆ ಒಂದು ಕಡಿಮೆ. ಗೈಡು ಹಿಂದಿರುಗಿ ಓಡಿದ. ಗೋಪುರದ ಬಾಗಿಲಲ್ಲಿ ಅಜ್ಜಿ ಬರಿಗಾಲಲ್ಲಿ ನಿಂತು, ಖಾಲಿ ಕಲ್ಲುಹಾಸಿನ ಕಡೆ ಕೈ ತೋರಿಸುತ್ತಿದ್ದರು.

“ಇಲ್ಲೇ ಇತ್ತು ಕಣಪ್ಪ.”

ಗೈಡು ಆ ಜಾಗವನ್ನೇ ಎರಡು ಸಲ ನೋಡಿ, ಸುತ್ತ ನೋಡಿ ಕೇಳಿದ: “ಖರೇನೂ ಇಲ್ಲೇ ಬಿಟ್ಟಿದ್ರೇನ್ ಅಜ್ಜಿ? ಯಾರಾದ್ರೂ ನೋಡ್ಯಾರೇನು?”