ಬಿಳಿ ಲಕೋಟೆ

ಕೊರಿಯಾದ ಪ್ರೇಮ ಧಾರಾವಾಹಿಗಳಲ್ಲಿ ನನಗೆ ಅಚ್ಚುಮೆಚ್ಚಿನ ಪಾತ್ರ ನಾಯಕನೂ ಅಲ್ಲ, ನಾಯಕಿಯೂ ಅಲ್ಲ, ಆ ಬಿಳಿ ಲಕೋಟೆ. ನಾಯಕನ ತಾಯಿ ಕತ್ತಿಗೆ ಮುತ್ತಿನ ಸರ, ಮುಖಕ್ಕೆ ಗಂಟು ಹಾಕಿಕೊಂಡು ಹೋಟೆಲಿಗೆ ಬಂದು ಅದನ್ನು ಮೇಜಿನ ಮೇಲೆ ತಳ್ಳುತ್ತಾಳೆ. ಮಗನ ಸಹವಾಸ ಬಿಡುವುದಕ್ಕೆ ಸಂಭಾವನೆ. ಬಡ ಹುಡುಗಿ ಅದನ್ನು ಬಿಚ್ಚದೆಯೇ ಎದ್ದು ಹೋಗುತ್ತಾಳೆ. ಎಷ್ಟೋ ಸಲ ಅವಳ ಮುಖಕ್ಕೆ ಒಂದು ಲೋಟ ನೀರೂ ಬೀಳುತ್ತದೆ.

ನಮ್ಮತ್ತೆಗೆ ಇದನ್ನು ನೋಡಿದರೆ ಹೊಟ್ಟೆಯುರಿ. "ಎಷ್ಟಿದೆ ಅಂತಾದ್ರೂ ನೋಡೇ ತಾಯಿ" ಎಂದು ಟಿವಿಗೇ ಬುದ್ಧಿ ಹೇಳುತ್ತಾರೆ.

ಅಲ್ಲಿ ಹುಡುಗ ಸಾಮಾನ್ಯವಾಗಿ ಚೇಬೋಲ್, ಅಂದರೆ ಸ್ಯಾಮ್‌ಸಂಗ್, ಹ್ಯುಂಡೈ ಥರದ ಉದ್ಯಮಪತಿಗಳ ಮನೆತನದ ಕುಡಿ. 2009ರ 'ಬಾಯ್ಸ್ ಓವರ್ ಫ್ಲವರ್ಸ್'ನಲ್ಲಿ ಹುಡುಗಿಯ ಮನೆಯವರದು ಡ್ರೈಕ್ಲೀನಿಂಗ್ ಅಂಗಡಿ. 2013ರ 'ದಿ ಏರ್ಸ್'ನಲ್ಲಿ ಹುಡುಗಿಯ ತಾಯಿ ಹುಡುಗನ ಮನೆಯಲ್ಲೇ ಕೆಲಸದಾಕೆ. ಇಬ್ಬರಿಗೂ ಒಂದೇ ಸೂರು, ಆದರೆ ಆ ಮನೆಯ ಫ್ರಿಜ್ಜಿಗಿರುವ ಜಾಗ ತಾಯಿ ಮಗಳಿಗಿಲ್ಲ.

ಬಡತನವನ್ನೂ ಅವರು ಬಲು ಚೆಂದ ಮಾಡಿ ತೋರಿಸುತ್ತಾರೆ. ಸೋಲ್ ನಗರದಲ್ಲಿ ತಾರಸಿಯ ಮೇಲೆ ಕಟ್ಟಿದ ಒಂಟಿ ಕೋಣೆಗೆ ಓಕ್ತಪ್‌ಬಾಂಗ್ ಎನ್ನುತ್ತಾರೆ. ಬಾಡಿಗೆ ಕಡಿಮೆ, ಬೇಸಗೆಯಲ್ಲಿ ಬೇಯಬೇಕು, ಚಳಿಯಲ್ಲಿ ನಡುಗಬೇಕು. ಧಾರಾವಾಹಿಯಲ್ಲಿ ಮಾತ್ರ ಅದರೆದುರು ಅಗಲವಾದ ಮರದ ಮಂಚ, ಕೆಳಗೆ ಊರಿಗೆ ಊರೇ ದೀಪ. ಅರಮನೆಯಂಥ ಮನೆಯಲ್ಲಿ ಒಬ್ಬನೇ ಉಣ್ಣುವ ಕುಬೇರಪುತ್ರ ಇಲ್ಲಿಗೆ ಬಂದು, ಪಾತ್ರೆಯ ಮುಚ್ಚಳಕ್ಕೆ ರಾಮ್ಯಾನ್ ನೂಡಲ್ಸ್ ಬಡಿಸಿಕೊಂಡು, ಉಫ್ ಉಫ್ ಎಂದು ಊದಿ ತಿಂದು ಮನಸೋಲುತ್ತಾನೆ. ಹುಡುಗಿಗೋ ನೂಡಲ್ಸಿಗೋ ಎಂಬ ಗುಮಾನಿ ನನಗಿನ್ನೂ ಹೋಗಿಲ್ಲ.

2024ರ 'ಕ್ವೀನ್ ಆಫ್ ಟಿಯರ್ಸ್' ಈ ಲೆಕ್ಕವನ್ನೇ ತಿರುಗಿಸಿಟ್ಟಿತು. ಹೆಂಡತಿ ಸಿರಿವಂತೆ, ಗಂಡ ಹಳ್ಳಿ ಹೈದ. ಮಾವನ ಮನೆಯ ಹಿರಿಯರ ತಿಥಿಗೆ ಓದಿದ, ಹುದ್ದೆಯಲ್ಲಿರುವ ಅಳಿಯಂದಿರೇ ಒಲೆ ಮುಂದೆ ನಿಂತು ಬೇಯಿಸುತ್ತಾರೆ. ಅತ್ತೆ ಆ ಭಾಗವನ್ನು ಮತ್ತೆ ಹಾಕಿಸಿಕೊಂಡು ನೋಡಿದರು. ನನ್ನವರಿಗೆ ಆಗಲೇ ಯಾವುದೋ ಫೋನು ಬಂತು.

ಇಂಥ ಮದುವೆ ನಿಜದಲ್ಲೂ ನಡೆದಿದೆ. ಸ್ಯಾಮ್‌ಸಂಗ್‌ನ ಆಗಿನ ಅಧ್ಯಕ್ಷರ ಹಿರಿಯ ಮಗಳು ಲೀ ಬೂ-ಜಿನ್ 1999ರಲ್ಲಿ ಕೈಹಿಡಿದದ್ದು ಕಂಪನಿಯ ಒಬ್ಬ ಸಾಮಾನ್ಯ ನೌಕರನನ್ನು. ಪತ್ರಿಕೆಗಳಿಗೆ ಅದು ಹಬ್ಬ. ಮುಂದೆ ಸಂಬಂಧ ಕೆಟ್ಟು ಕೋರ್ಟಿಗೆ ಹೋಯಿತು, 2020ರಲ್ಲಿ ಸುಪ್ರೀಂ ಕೋರ್ಟ್ ವಿಚ್ಛೇದನಕ್ಕೆ ಮುದ್ರೆ ಒತ್ತಿತು. ಗಂಡನ ಪಾಲಿಗೆ ಬಂದದ್ದು ಸುಮಾರು 1,410 ಕೋಟಿ ವಾನ್. ಆತ ಕೇಳಿದ್ದು ಅದಕ್ಕಿಂತ ಬಹಳ ಹೆಚ್ಚು.